ಪಟ್ಟಿಯಿಂದ ಪ್ರಮಾಣಪತ್ರಕ್ಕೆ

ಸರಕಾರದ ದಫ್ತರದಲ್ಲಿ ಪ್ರಜೆಯ ಹೆಸರು ಎರಡು ಬಗೆಯಿಂದ ಸೇರುವುದುಂಟು. ಹೊಲದ ಪಹಣಿಯಲ್ಲಿ, ಮತದಾರರ ಯಾದಿಯಲ್ಲಿ, ಶಾಲೆಯ ದಾಖಲೆಯಲ್ಲಿ ಸೇರುವ ಹೆಸರು ಮೊದಲನೆಯ ಬಗೆ. ಅದು ಆ ಮನುಷ್ಯನ ಹಕ್ಕಿಗೆ ಸಾಕ್ಷಿಯಾಗಿ ನಿಲ್ಲುವುದು. ಪೋಲೀಸು ಠಾಣೆಯ ಪುಸ್ತಕದಲ್ಲಿ ಸಂಶಯದ ಮೇಲೆ ಸೇರುವ ಹೆಸರು ಎರಡನೆಯ ಬಗೆ. ಅದು ಅವನ ಕಾಲಿಗೆ ತೊಡಿಸಿದ ಕೋಳವಾಗುವುದು. ತಪ್ಪು ಮಾಡಿದವನ ಹೆಸರು ಈ ಎರಡನೆಯ ಪುಸ್ತಕಕ್ಕೆ ಸೇರಿದಲ್ಲಿ ಯಾರೂ ಆಕ್ಷೇಪಿಸಲಾರರು. ಆದರೆ ಉಟ್ಟ ಬಟ್ಟೆಗಾಗಿ, ಆಡುವ ಮಾತಿನ ಧಾಟಿಗಾಗಿ, ತಾನು ಇಂಥವನೆಂದು ಅಥವಾ ಇಂಥವಳೆಂದು ತನ್ನ ಮನಸ್ಸು ತನಗೆ ಹೇಳಿದ ಕಾರಣಕ್ಕಾಗಿ ಒಬ್ಬರ ಹೆಸರನ್ನು ಆ ಪುಸ್ತಕದಲ್ಲಿ ಬರೆದರೆ ಅದನ್ನು ನ್ಯಾಯವೆಂದು ಕರೆಯಲಾದೀತೇ? ಹಿಜಡಾ, ಮಂಗಳಮುಖಿ, ಜೋಗತಿ ಎಂದು ಬೇರೆಬೇರೆ ಸೀಮೆಗಳಲ್ಲಿ ಕರೆಯಲ್ಪಡುವ ಲಿಂಗತ್ವ ಅಲ್ಪಸಂಖ್ಯಾತರ ಚರಿತ್ರೆಯು, ಈ ದೇಶದಲ್ಲಿ ನೂರೈವತ್ತು ವರ್ಷಗಳಿಂದ, ಎರಡನೆಯ ಪುಸ್ತಕದಿಂದ ಮೊದಲನೆಯದಕ್ಕೆ ದಾಟುವ ಪ್ರಯಾಸದ ಚರಿತ್ರೆಯೇ ಆಗಿರುತ್ತದೆ.

ನಮ್ಮ ಅಧಿಕಾರಿವರ್ಗಕ್ಕೂ ಪೌರರಿಗೂ ಈ ಚರಿತ್ರೆಯು ತಿಳಿದಿರಲೇಬೇಕು. ಏಕೆಂದರೆ ಅದರ ಕೊನೆಯ ಅಧ್ಯಾಯವು ದಿಲ್ಲಿಯ ಸಂಸತ್ತಿನಲ್ಲಿ ಮಾತ್ರವೇ ಬರೆಯಲ್ಪಡುವುದಲ್ಲ. ಪ್ರತಿಯೊಂದು ಜಿಲ್ಲಾ ಕಚೇರಿಯ ಮೇಜಿನ ಮೇಲೆಯೂ ಬರೆಯಲ್ಪಡುವುದಾಗಿದೆ.

ವಾಯವ್ಯ ಪ್ರಾಂತವೆಂದು ಆಗ ಹೆಸರಿದ್ದ, ಇಂದಿನ ಉತ್ತರ ಪ್ರದೇಶಕ್ಕೆ ಸೇರಿದ ಮೈನಪುರಿ ಜಿಲ್ಲೆಯಲ್ಲಿ 1852ನೆಯ ಆಗಸ್ಟ್ ತಿಂಗಳಲ್ಲಿ ಭೂರಾ ಎಂಬ ಹಿಜಡಾ ಒಬ್ಬರ ಕೊಲೆಯಾಯಿತು. ಕೊಲೆಯಾದಲ್ಲಿ ಕೊಲೆಗಾರನನ್ನು ಹುಡುಕಿ ದಂಡಿಸುವುದು ರಾಜಧರ್ಮ. ಆದರೆ ಆ ಪ್ರಾಂತದ ಆಂಗ್ಲ ಅಧಿಕಾರಿಗಳ ದೃಷ್ಟಿಯು ಬೇರೆ ಕಡೆಗೆ ಹೊರಳಿತು. ಹೆಣ್ಣುಡುಗೆಯುಟ್ಟು ಮದುವೆಮನೆಗಳಲ್ಲಿ, ಮಗು ಹುಟ್ಟಿದ ಮನೆಗಳಲ್ಲಿ ಹಾಡಿ ಕುಣಿದು ಹರಸಿ ಜೀವಿಸುತ್ತಿದ್ದ ಈ ಸಮುದಾಯವೇ ತಮ್ಮ ಆಳ್ವಿಕೆಗೆ ಕಳಂಕವೆಂದು ಅವರಿಗೆ ತೋರಿತು. ಕೊಲೆಗೆ ಈಡಾದವರ ಸಮುದಾಯವೇ ಆರೋಪಿಯಾಗಿ ನಿಲ್ಲಬೇಕಾಯಿತು. ಇವರು ಮಕ್ಕಳನ್ನು ಕದಿಯುವವರು, ಹುಡುಗರ ಅಂಗಚ್ಛೇದ ಮಾಡುವವರು ಎಂಬ ಮಾತುಗಳು ಕಚೇರಿಯಿಂದ ಕಚೇರಿಗೆ ಹರಡಿದವು. ಎರಡು ದಶಕಗಳೊಳಗಾಗಿ ಆ ಮಾತುಗಳು ಕಾಯಿದೆಯ ರೂಪವನ್ನು ತಾಳಿದವು.

1871ರ ಅಪರಾಧಿ ಬುಡಕಟ್ಟುಗಳ ಕಾಯಿದೆಯು ಎಷ್ಟೋ ಅಲೆಮಾರಿ ಜನಾಂಗಗಳನ್ನು ಹುಟ್ಟಿನಿಂದಲೇ ಕಳ್ಳರೆಂದು ಸಾರಿದುದು ನಮ್ಮ ವಾಚಕರಿಗೆ ತಿಳಿದಿರಬಹುದು. ಅದೇ ಕಾಯಿದೆಯ ಎರಡನೆಯ ಭಾಗವು ನಪುಂಸಕರೆಂದು ಅದು ಕರೆದವರಿಗಾಗಿಯೇ ಮೀಸಲಾಗಿತ್ತೆಂಬುದು ಅಷ್ಟಾಗಿ ತಿಳಿಯದ ಸಂಗತಿ. ತಾನೇ ಒಪ್ಪಿಕೊಂಡ, ಇಲ್ಲವೆ ವೈದ್ಯಪರೀಕ್ಷೆಯಿಂದ ಪುರುಷತ್ವವಿಲ್ಲವೆಂದು ಕಂಡುಬಂದ ಗಂಡಸು ಎಂಬುದಾಗಿ ಅದು ಆ ಶಬ್ದಕ್ಕೆ ಅರ್ಥವನ್ನು ಕಟ್ಟಿತು. ಅಂಥವರಲ್ಲಿ ಸಂಶಯಕ್ಕೆ ಗುರಿಯಾದವರ ಹೆಸರನ್ನೂ ವಾಸಸ್ಥಳವನ್ನೂ ಆಸ್ತಿಯನ್ನೂ ಪುಸ್ತಕದಲ್ಲಿ ದಾಖಲು ಮಾಡಬೇಕೆಂದು ವಿಧಿಸಿತು. ಅಪರಾಧವು ಸಿದ್ಧವಾಗಬೇಕಾದ ಅಗತ್ಯವಿಲ್ಲ, ಸಂಶಯವೇ ಸಾಕಾಗಿತ್ತು.

ಪಟ್ಟಿಗೆ ಸೇರಿದವರ ಗತಿಯಾದರೂ ಏನು? ಹೆಣ್ಣಿನ ಉಡುಗೆಯನ್ನೋ ಒಡವೆಯನ್ನೋ ಧರಿಸಿ ಬೀದಿಯಲ್ಲಿ ಕಾಣಿಸಿಕೊಂಡರೆ, ಬೀದಿಯಿಂದ ಕಾಣುವಂತೆ ಬೇರೆಡೆಯಲ್ಲಿ ನಿಂತರೆ, ಸಾರ್ವಜನಿಕವಾಗಿ ಕುಣಿದರೆ, ವಾದ್ಯ ನುಡಿಸಿದರೆ, ಕೂಲಿಗಾಗಿ ಯಾರದಾದರೂ ಮನೆಯೊಳಗೆ ಹಾಡಿದರೆ, ವಾರಂಟಿಲ್ಲದೆ ಹಿಡಿದು ಎರಡು ವರ್ಷಗಳ ತನಕ ಸೆರೆಯಲ್ಲಿಡಬಹುದಾಗಿತ್ತು. ಹದಿನಾರು ವರ್ಷದೊಳಗಿನ ಹುಡುಗನನ್ನು ಮನೆಯಲ್ಲಿಟ್ಟುಕೊಂಡರೂ ಅಷ್ಟೇ ಶಿಕ್ಷೆ. ಪಟ್ಟಿಯಲ್ಲಿದ್ದವರು ಯಾರಿಗೂ ಪಾಲಕರಾಗುವಂತಿಲ್ಲ, ದಾನ ಕೊಡುವಂತಿಲ್ಲ, ಮೃತ್ಯುಪತ್ರ ಬರೆಯುವಂತಿಲ್ಲ, ದತ್ತಕ ತೆಗೆದುಕೊಳ್ಳುವಂತಿಲ್ಲ. ಹೊಟ್ಟೆಪಾಡಿನ ದಾರಿ ಕಟ್ಟಿತು. ಗುರುವಿನಿಂದ ಶಿಷ್ಯರಿಗೆ ಹರಿದುಬರುತ್ತಿದ್ದ ಅಲ್ಪಸ್ವಲ್ಪ ಸ್ವತ್ತಿನ ದಾರಿಯೂ ಕಟ್ಟಿತು. ಈ ಕಾಯಿದೆಯ ಉದ್ದೇಶವು ಅಪರಾಧವನ್ನು ತಡೆಯುವುದಷ್ಟೇ ಆಗಿದ್ದರೆ ಮೃತ್ಯುಪತ್ರವನ್ನು ನಿಷೇಧಿಸಬೇಕಾದ ಕಾರಣವೇನಿತ್ತು? ಒಂದು ಸಮುದಾಯವು ಮುಂದಿನ ತಲೆಮಾರಿಗೆ ಉಳಿಯದಂತೆ ಮಾಡುವುದೇ ಅದರ ಒಳಗುಟ್ಟಾಗಿತ್ತೆಂದು ಹೇಳದೆ ವಿಧಿಯಿಲ್ಲ.

ಆ ಕಾಲದ ಒಂದು ಮೊಕದ್ದಮೆಯು ಈ ಮನೋಭಾವವನ್ನು ಕನ್ನಡಿಯಂತೆ ತೋರಿಸುತ್ತದೆ. ಮೊರಾದಾಬಾದಿನ ಖೈರಾತಿ ಎಂಬವರು ಹೆಣ್ಣುಡುಗೆಯಲ್ಲಿ ಹೆಂಗಸರ ನಡುವೆ ಹಾಡುತ್ತಿದ್ದರೆಂಬುದರಿಂದ ಪೋಲೀಸರ ಕಣ್ಣಿಗೆ ಬಿದ್ದರು. ಅವರನ್ನು ಹಿಡಿದು ವೈದ್ಯಪರೀಕ್ಷೆಗೆ ಗುರಿಪಡಿಸಿ ದಂಡಸಂಹಿತೆಯ 377ನೆಯ ಕಲಮಿನ ಮೇರೆಗೆ ವಿಚಾರಣೆ ನಡೆಸಿದರು. ಸೆಷನ್ಸ್ ನ್ಯಾಯಾಲಯವು ಶಿಕ್ಷೆ ವಿಧಿಸಿತು. 1884ರಲ್ಲಿ ಅಲಹಾಬಾದ್ ಹೈಕೋರ್ಟು ಅದನ್ನು ತಳ್ಳಿಹಾಕಿತು. ಯಾವ ದಿನ, ಯಾವ ಸ್ಥಳದಲ್ಲಿ, ಯಾರೊಡನೆ ಅಪರಾಧ ನಡೆಯಿತೆಂಬುದನ್ನೇ ಆರೋಪಪಟ್ಟಿಯು ಹೇಳಿರಲಿಲ್ಲ! ಅಪರಾಧವಿಲ್ಲದ ಮೊಕದ್ದಮೆಯಲ್ಲಿ ಒಬ್ಬ ಮನುಷ್ಯನ ದೇಹವನ್ನು ಮಾತ್ರ ಬೆತ್ತಲೆ ಮಾಡಿ ನೋಡಿದ್ದಾಯಿತು. ಬಿಡುಗಡೆಯ ತೀರ್ಪು ಆ ಅವಮಾನವನ್ನು ಹಿಂದಕ್ಕೆ ಪಡೆಯಲಾರದಷ್ಟೆ.

ಬ್ರಿಟಿಷ್ ಭಾರತಕ್ಕೆ 1911ರಲ್ಲಿ ಹೊಸ ಅಪರಾಧಿ ಬುಡಕಟ್ಟು ಕಾಯಿದೆ ಬಂದಾಗ ಅದರಲ್ಲಿ ಈ ಎರಡನೆಯ ಭಾಗವಿರಲಿಲ್ಲ. ಪರಕೀಯರೇ ಕೈಬಿಟ್ಟ ಈ ಅಸ್ತ್ರವನ್ನು ಎತ್ತಿಕೊಂಡವರು ಯಾರು? ಹೈದರಾಬಾದಿನ ನಿಜಾಮ ಸರಕಾರ! ಅಲ್ಲಿ ಫಸಲಿ 1329ರಲ್ಲಿ, ಎಂದರೆ 1919ರ ಸುಮಾರಿಗೆ, ನಪುಂಸಕರ ಕಾಯಿದೆಯೊಂದು ಜಾರಿಗೆ ಬಂದಿತು. ಅದೇ ಪಟ್ಟಿ, ಅದೇ ಉಡುಗೆಯ ನಿಷೇಧ, ವಾರಂಟಿಲ್ಲದ ಅದೇ ಬಂಧನ. ಕಲಬುರ್ಗಿ, ಬೀದರ, ರಾಯಚೂರುಗಳು ಆಗ ಆ ಸಂಸ್ಥಾನದ ಜಿಲ್ಲೆಗಳಾಗಿದ್ದುದರಿಂದ ಇದು ಕನ್ನಡಿಗರ ಚರಿತ್ರೆಯೂ ಹೌದು. 1948ರಲ್ಲಿ ಸಂಸ್ಥಾನವು ಭಾರತದಲ್ಲಿ ವಿಲೀನವಾಯಿತು, 1956ರಲ್ಲಿ ಒಡೆದು ಮೂರು ರಾಜ್ಯಗಳ ಪಾಲಾಯಿತು. ನಿಜಾಮರೂ ಹೋದರು, ಅವರ ನಾಣ್ಯವೂ ಹೋಯಿತು. ಈ ಕಾಯಿದೆ ಮಾತ್ರ ತೆಲಂಗಾಣದ ಕಾನೂನು ಪುಸ್ತಕದಲ್ಲಿ ಉಳಿದುಬಂದಿತು. 2023ನೆಯ ಜುಲೈ ತಿಂಗಳಲ್ಲಿ ತೆಲಂಗಾಣ ಹೈಕೋರ್ಟು ಅದನ್ನು ಸಂವಿಧಾನಬಾಹಿರವೆಂದು ರದ್ದುಗೊಳಿಸಿದಾಗ ಅದಕ್ಕೆ ನೂರು ವರ್ಷ ತುಂಬಿ ಹೋಗಿತ್ತು.

ಇದನ್ನು ಓದಿ, ಪಕ್ಕದ ರಾಜ್ಯದವರು ಎಂಥ ನಿದ್ರೆಯಲ್ಲಿದ್ದರೆಂದು ನಾವು ನಗುವಂತಿಲ್ಲ. ಅವರು ಹಳೆಯದನ್ನು ಮರೆತು ಇಟ್ಟುಕೊಂಡಿದ್ದರು. ನಾವು ಎಚ್ಚರವಿದ್ದೇ ಹೊಸದಾಗಿ ಬರೆದೆವು. 2011ರಲ್ಲಿ ಕರ್ನಾಟಕ ಪೋಲೀಸು ಕಾಯಿದೆಗೆ 36-ಎ ಎಂಬ ಕಲಮು ಸೇರಿತು. ನಪುಂಸಕರ ಅನಪೇಕ್ಷಿತ ಚಟುವಟಿಕೆಗಳನ್ನು ತಡೆಯುವುದಕ್ಕಾಗಿ ಪೋಲೀಸು ಕಮಿಷನರರು ಅವರ ಹೆಸರು ಮತ್ತು ವಾಸಸ್ಥಳಗಳ ಪಟ್ಟಿಯನ್ನು ಇಡಬಹುದು, ಪಟ್ಟಿಯಲ್ಲಿದ್ದವರು ಇಂಥಿಂಥ ಕೆಲಸ ಮಾಡಕೂಡದೆಂದು ಆಜ್ಞಾಪಿಸಬಹುದು ಎಂಬುದು ಅದರ ಸಾರಾಂಶ. ಹುಡುಗರ ಅಪಹರಣ, ಅಂಗಚ್ಛೇದ, ಅನೈಸರ್ಗಿಕ ಅಪರಾಧ ಎಂಬ ಸಂಶಯದ ಕಾರಣಗಳು ಕೂಡ 1871ರ ಕಾಯಿದೆಯಿಂದ ಎತ್ತಿ ಇಟ್ಟಂತಿದ್ದವು. ವಿಕ್ಟೋರಿಯಾ ರಾಣಿಯ ಕಾಲದ ಕಾರಕೂನನು ಬರೆದ ವಾಕ್ಯವು ಸ್ವತಂತ್ರ ಭಾರತದ, ಏಕೀಕೃತ ಕರ್ನಾಟಕದ ಶಾಸನಸಭೆಯಲ್ಲಿ ಪುನರ್ಜನ್ಮ ಪಡೆಯಿತು.

ಪರಕೀಯರ ಆಳ್ವಿಕೆಯನ್ನು ನಾವು ವಿರೋಧಿಸಿದುದು ಆಳುವವರ ಮೈಬಣ್ಣಕ್ಕಾಗಿ ಅಲ್ಲ. ಪ್ರಜೆಯನ್ನು ಮನುಷ್ಯನೆಂದು ನೋಡದೆ ಜಾತಿಗುರುತಿನ ಒಂದು ವಸ್ತುವೆಂದು ನೋಡುವ, ಸಂಶಯವನ್ನೇ ಸಾಕ್ಷ್ಯವೆಂದು ಎಣಿಸುವ ಆಡಳಿತಪದ್ಧತಿಯನ್ನು ನಾವು ವಿರೋಧಿಸಿದೆವು. ಆ ಪದ್ಧತಿಯನ್ನು ನಮ್ಮವರೇ ನಡೆಸಿದ ಮಾತ್ರಕ್ಕೆ ಅದು ಸ್ವರಾಜ್ಯವಾಗದು. 377ನೆಯ ಕಲಮಿನ ಕಥೆಯೂ ಇಂಥದೇ. 1860ರ ದಂಡಸಂಹಿತೆಯ ಮೂಲಕ ಅದನ್ನು ನಮಗೆ ಹೊರಿಸಿದ ಆಂಗ್ಲರು ತಮ್ಮ ಇಂಗ್ಲೆಂಡಿನಲ್ಲಿ ಅಂಥ ವಿಧಿಯನ್ನು 1967ರಲ್ಲಿಯೇ ಸಡಿಲಿಸಿಕೊಂಡರು. ವಯಸ್ಕರ ಸಮ್ಮತಿಯ ಸಂಬಂಧಗಳಿಗೆ ಅದು ಅನ್ವಯಿಸದೆಂದು ನಮ್ಮ ಸುಪ್ರೀಂ ಕೋರ್ಟು ಸಾರಿದುದು 2018ರ ಸೆಪ್ಟೆಂಬರ್ 6ರಂದು. ಕೊಟ್ಟವನು ಕಳಚಿಟ್ಟ ಸಂಕೋಲೆಯನ್ನು ನಾವು ಇನ್ನೂ ಅರ್ಧ ಶತಮಾನ ಕಾಲ ಆಭರಣವೆಂಬಂತೆ ಧರಿಸಿದ್ದೆವು.

36-ಎ ಕಲಮಿನ ವಿರುದ್ಧ ಲೈಂಗಿಕ ಅಲ್ಪಸಂಖ್ಯಾತರ ಸಂಘಟನೆಯೊಂದು ಹೈಕೋರ್ಟಿನ ಮೊರೆಹೊಕ್ಕಿತು. ಮೊಕದ್ದಮೆಯು ನಡೆಯುತ್ತಿರುವಾಗ, 2016ರಲ್ಲಿ ಸರಕಾರವು ಕಲಮಿಗೆ ತಿದ್ದುಪಡಿ ತಂದು ನಪುಂಸಕ ಎಂಬ ಶಬ್ದವನ್ನು ತೆಗೆದು ವ್ಯಕ್ತಿ ಎಂಬ ಶಬ್ದವನ್ನು ಇರಿಸಿತು. ಒಂದು ಸಮುದಾಯದ ಹಣೆಯ ಮೇಲಿದ್ದ ಮುದ್ರೆಯು ಅಷ್ಟರ ಮಟ್ಟಿಗೆ ಅಳಿಸಿತೆಂದು ನಾವು ಸಂತೋಷಪಡುತ್ತೇವೆ. ಆದರೆ ಶಬ್ದವು ಹೋದೊಡನೆ ಅಭ್ಯಾಸವೂ ಹೋಗುವುದೆಂದು ತಿಳಿಯುವುದು ಭ್ರಮೆ. ಅಪಹರಣಕ್ಕೆ, ಅಂಗಚ್ಛೇದಕ್ಕೆ ಸಾಮಾನ್ಯ ದಂಡಸಂಹಿತೆಯಲ್ಲಿಯೇ ಕಠಿಣ ಶಿಕ್ಷೆಗಳಿರುವಾಗ, ಸಂಶಯದ ಮೇಲೆ ಪಟ್ಟಿ ಬರೆಯುವ ಅಧಿಕಾರವು ಬೇರೆಯಾಗಿ ಏತಕ್ಕೆ ಬೇಕು?

ಪಟ್ಟಿಯೊಂದು ಕಚೇರಿಯ ಕಪಾಟಿನಲ್ಲಿ ಸುಮ್ಮನೆ ಬಿದ್ದಿದ್ದರೆ ಯಾರಿಗೇನು ಹಾನಿಯೆಂದು ಕೆಲವರು ಕೇಳಬಹುದು. ಅವರಿಗೆ ಜರ್ಮನಿಯ ಚರಿತ್ರೆಯು ಉತ್ತರ ಹೇಳುತ್ತದೆ. ನಮ್ಮ ಪ್ರಾಂತಗಳಿಗೆ ಮೇಲ್ಕಂಡ ಕಾಯಿದೆ ಬಂದ 1871ರಲ್ಲಿಯೇ ಅಲ್ಲಿಯೂ ಹೊಸ ದಂಡಸಂಹಿತೆ ಬಂದಿತು. ಅದರ 175ನೆಯ ಕಲಮು ಗಂಡಸರ ನಡುವಣ ಸಂಬಂಧವನ್ನು ಅಪರಾಧವೆಂದಿತು. ಪೋಲೀಸರು ಶಂಕಿತರ ಪಟ್ಟಿಗಳನ್ನು ಇಡತೊಡಗಿದರು. ಅದೇ ಬರ್ಲಿನ್ ನಗರದಲ್ಲಿ ಮಾಗ್ನುಸ್ ಹಿರ್ಷ್‌ಫೆಲ್ಡ್ ಎಂಬ ವೈದ್ಯರು ಈ ಕಲಮಿನ ವಿರುದ್ಧ ದಶಕಗಳ ಕಾಲ ಹೋರಾಡಿದರು. ಹೆಣ್ಣುಡುಗೆ ತೊಡುವ ಗಂಡಸರಿಗೂ ಗಂಡುಡುಗೆ ತೊಡುವ ಹೆಂಗಸರಿಗೂ ಬೀದಿಯಲ್ಲಿ ಪೀಡೆಯಾಗದಿರಲೆಂದು, ಅವರಂಥ ವೈದ್ಯರ ಅಭಿಪ್ರಾಯದ ಮೇಲೆ, ಬರ್ಲಿನ್ನಿನ ಪೋಲೀಸರೇ ಇಪ್ಪತ್ತನೆಯ ಶತಮಾನದ ಆದಿಭಾಗದಲ್ಲಿ ಚೀಟಿಯೊಂದನ್ನು ಕೊಡುತ್ತಿದ್ದರು. ಒಂದೇ ಇಲಾಖೆಯ ಒಂದು ಕೈಯಲ್ಲಿ ರಕ್ಷಣೆಯ ಚೀಟಿ, ಇನ್ನೊಂದು ಕೈಯಲ್ಲಿ ಸಂಶಯದ ಪಟ್ಟಿ!

1933ರಲ್ಲಿ ನಾಜಿಗಳು ಅಧಿಕಾರಕ್ಕೆ ಬಂದರು. ಮೇ 6ರಂದು ಹಿರ್ಷ್‌ಫೆಲ್ಡರ ಸಂಶೋಧನ ಸಂಸ್ಥೆಯು ಸೂರೆಯಾಯಿತು. ನಾಲ್ಕು ದಿನಗಳ ತರುವಾಯ ಅದರ ಗ್ರಂಥಗಳು ಬರ್ಲಿನ್ನಿನ ಚೌಕದಲ್ಲಿ ಉರಿದು ಬೂದಿಯಾದವು. ಪುಸ್ತಕಗಳು ಸುಟ್ಟವು, ಆದರೆ ಪೋಲೀಸರ ಪಟ್ಟಿಗಳು ಸುಡಲಿಲ್ಲ; ಅವು ಹೊಸ ಪ್ರಭುಗಳ ಉಪಯೋಗಕ್ಕೆ ಬಂದವು. 1935ರಲ್ಲಿ ಕಲಮು ಇನ್ನಷ್ಟು ಕ್ರೂರವಾಯಿತು. ಅವರ ಕಾಲದಲ್ಲಿ ಸುಮಾರು 50,000 ಜನರು ಅದರಡಿಯಲ್ಲಿ ಶಿಕ್ಷೆಗೆ ಗುರಿಯಾದರು. ಸಾವಿರಾರು ಜನರು ಗುಲಾಬಿ ಬಣ್ಣದ ತ್ರಿಕೋನವನ್ನು ಅಂಗಿಗೆ ಹೊಲಿಸಿಕೊಂಡು ಬಂದಿಶಿಬಿರಗಳನ್ನು ಸೇರಿದರು, ಅವರಲ್ಲಿ ಬಹುಮಂದಿ ಹಿಂದಿರುಗಲಿಲ್ಲ. ಯುದ್ಧ ಮುಗಿದ ಮೇಲೆಯೂ ಪಶ್ಚಿಮ ಜರ್ಮನಿಯು ನಾಜಿಗಳು ಬಿಗಿಗೊಳಿಸಿದ ಆ ಕಲಮನ್ನು 1969ರ ವರೆಗೆ ಹಾಗೆಯೇ ಇಟ್ಟುಕೊಂಡಿತು. ಪಟ್ಟಿಯನ್ನು ಆರಂಭಿಸಿದ ಅಧಿಕಾರಿಯು ಮುಂದೆ ಹೀಗಾಗಲೆಂದು ಬಯಸಿರಲಾರನು. ಆದರೆ ಪಟ್ಟಿಗೆ ಬರೆದವನ ಮನಸ್ಸು ತಿಳಿಯದು, ತನ್ನನ್ನು ತೆರೆದವನ ಆಜ್ಞೆಯಷ್ಟೇ ತಿಳಿಯುವುದು.

ನಮ್ಮ ಪೂರ್ವಕಾಲವೆಲ್ಲ ಸುವರ್ಣಯುಗವಾಗಿತ್ತು, ಕೇಡೆಲ್ಲ ಹಡಗಿನಲ್ಲಿ ಬಂದಿತು ಎಂದು ನಾವು ವಾದಿಸುವುದಿಲ್ಲ. ಶಿಖಂಡಿಯೆಂಬ ಹೆಸರನ್ನು ಬೈಗುಳವಾಗಿಸಿದವರು ಆಂಗ್ಲರಲ್ಲ. ಇಂಥ ಮಗುವನ್ನು ಮನೆಯಿಂದ ಹೊರಗಟ್ಟುವ ತಂದೆಗೆ ಯಾವ ವೈಸರಾಯನ ಅಪ್ಪಣೆಯೂ ಬೇಕಾಗಿಲ್ಲ. ಆದರೂ ಒಂದು ವ್ಯತ್ಯಾಸವುಂಟು. ಮಳೆ ಬಾರದಿದ್ದರೆ ವಿರಾಟಪರ್ವವನ್ನು ಓದಿಸುವ ನಾಡು ನಮ್ಮದು. ಆ ಪರ್ವದಲ್ಲಿ ಬೃಹನ್ನಳೆಯು ಅರಮನೆಯ ನಾಟ್ಯಗುರುವಾಗಿ ಬಾಳುವುದನ್ನು ನಮ್ಮ ಹಿರಿಯರು ಕೇಳಿ ಬೆಳೆದರು. ಸವದತ್ತಿಯ ಎಲ್ಲಮ್ಮನ ಗುಡ್ಡದಲ್ಲಿ ಜೋಗಪ್ಪ ಜೋಗತಿಯರಿಗೆ ದೇವಿಯ ಹೆಸರಿನಲ್ಲಿ ಒಂದು ಸ್ಥಾನವಿತ್ತು. ತಲೆಯ ಮೇಲೆ ಕೊಡ ಹೊತ್ತು, ಚೌಡಿಕೆಯ ನಾದಕ್ಕೆ ಕುಣಿದು ಅವರು ಊರೂರು ತಿರುಗಿದರು. ಆ ಸ್ಥಾನವು ಬಡತನದ್ದು, ಅವಮಾನವನ್ನೂ ಒಳಗೊಂಡದ್ದು. ಆದರೆ ಜನರು ಅವರನ್ನು ಊರಿನ ಲೆಕ್ಕದಿಂದ ಹೊರಗೆ ಹಾಕಿರಲಿಲ್ಲ.

ಆ ಪರಂಪರೆಯಿಂದಲೇ ಬಂದವರು ಬಳ್ಳಾರಿ ಸೀಮೆಯ ಮಂಜಮ್ಮ ಜೋಗತಿಯವರು. ಮನೆಯನ್ನು ತೊರೆದು, ಭಿಕ್ಷೆಯ ಅನ್ನವನ್ನುಂಡು, ಜೋಗತಿ ನೃತ್ಯವನ್ನು ಕಲಿತು, ಕಾಳವ್ವ ಜೋಗತಿಯವರ ಮೇಳದಲ್ಲಿ ಬೆಳೆದು ಅವರು 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು. 2021ನೆಯ ನವೆಂಬರಿನಲ್ಲಿ ರಾಷ್ಟ್ರಪತಿ ಭವನದಲ್ಲಿ ಪದ್ಮಶ್ರೀ ಪದಕವನ್ನು ಸ್ವೀಕರಿಸುವ ಮುನ್ನ ಅವರು ತಮ್ಮ ಸೀರೆಯ ಸೆರಗಿನಿಂದ ರಾಷ್ಟ್ರಪತಿಗಳಿಗೆ ದೃಷ್ಟಿ ತೆಗೆದುದನ್ನು ದೇಶವೆಲ್ಲ ಕಂಡಿತು. ವಾಚಕರು ಒಂದು ಕ್ಷಣ ಆಲೋಚಿಸಬೇಕು. ಹೆಣ್ಣುಡುಗೆಯುಟ್ಟು ಸಾರ್ವಜನಿಕವಾಗಿ ಕುಣಿಯುವುದು, ಅದಕ್ಕಾಗಿ ಕೂಲಿ ಪಡೆಯುವುದು ಎಂಬ ಯಾವ ಕೆಲಸಕ್ಕೆ 1871ರ ಕಾಯಿದೆಯು ಎರಡು ವರ್ಷಗಳ ಸೆರೆಯನ್ನು ವಿಧಿಸಿತ್ತೋ, ಅದೇ ಕೆಲಸಕ್ಕೆ ಗಣರಾಜ್ಯವು ಪದಕವನ್ನು ತೊಡಿಸಿತು. ಕುಣಿತವು ಮೊದಲಿದ್ದಂತೆಯೇ ಇತ್ತು. ಅದನ್ನು ನೋಡುವ ಸರಕಾರದ ಕಣ್ಣು ಬದಲಾಯಿತು.

ಆ ಕಣ್ಣನ್ನು ಬದಲಿಸಿದವುಗಳಲ್ಲಿ ಮುಖ್ಯವಾದುದು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳಾದ ಕೆ. ಎಸ್. ರಾಧಾಕೃಷ್ಣನ್ ಮತ್ತು ಎ. ಕೆ. ಸಿಕ್ರಿಯವರು 2014ರ ಏಪ್ರಿಲ್ 15ರಂದು ಕೊಟ್ಟ ತೀರ್ಪು. ತಾನು ಗಂಡೋ, ಹೆಣ್ಣೋ, ಮೂರನೆಯ ಲಿಂಗವೋ ಎಂಬುದನ್ನು ನಿರ್ಣಯಿಸಿಕೊಳ್ಳುವ ಹಕ್ಕು ಆ ವ್ಯಕ್ತಿಯದೇ ಎಂದು ಅವರು ಹೇಳಿದರು. ಅದಕ್ಕೆ ಶಸ್ತ್ರಚಿಕಿತ್ಸೆಯ ನಿರ್ಬಂಧವನ್ನು ಒಡ್ಡುವುದು ಅನೈತಿಕವೂ ಕಾನೂನುಬಾಹಿರವೂ ಆದುದೆಂದರು. 2019ರಲ್ಲಿ ಸಂಸತ್ತು ಈ ಜನರ ಹಕ್ಕುಗಳ ರಕ್ಷಣೆಗಾಗಿ ಕಾಯಿದೆಯನ್ನು ರಚಿಸಿತು. ಗುರುತಿನ ಪ್ರಮಾಣಪತ್ರವನ್ನು ಕೊಡುವ ಹೊಣೆಯನ್ನು ಜಿಲ್ಲಾ ದಂಡಾಧಿಕಾರಿಗಳಿಗೆ ವಹಿಸಿತು. ಅರ್ಜಿದಾರರ ಪ್ರಮಾಣವಚನವನ್ನೇ ಆಧಾರವಾಗಿಟ್ಟುಕೊಂಡು, ದೇಹಪರೀಕ್ಷೆ ವೈದ್ಯಪರೀಕ್ಷೆಗಳಿಲ್ಲದೆ, 30 ದಿನಗಳೊಳಗಾಗಿ ಅದನ್ನು ಕೊಡತಕ್ಕದ್ದೆಂದು 2020ರ ನಿಯಮಗಳು ಗೊತ್ತುಪಡಿಸಿದವು.

ಈ ವಿಷಯದಲ್ಲಿ ಜಗತ್ತಿನ ಅನುಭವವೂ ಗಮನಾರ್ಹವಾಗಿದೆ. ನೆರೆಯ ನೇಪಾಳದ ಸರ್ವೋಚ್ಚ ನ್ಯಾಯಾಲಯವು ನಮಗಿಂತ ಮೊದಲೇ, 2007ರಲ್ಲಿ, ವ್ಯಕ್ತಿಯ ಸ್ವಂತ ಭಾವನೆಯೇ ಗುರುತಿಗೆ ಆಧಾರವೆಂದಿತು. ಅರ್ಜೆಂಟೀನವು 2012ರಲ್ಲಿ ವೈದ್ಯನ ಚೀಟಿಯನ್ನೂ ನ್ಯಾಯಾಧೀಶನ ಅಪ್ಪಣೆಯನ್ನೂ ಕೇಳದೆ ಪ್ರಜೆಯ ಮಾತಿನ ಮೇಲೆಯೇ ದಾಖಲೆಯನ್ನು ತಿದ್ದಿಕೊಡುವ ಕಾಯಿದೆಯನ್ನು ಮಾಡಿತು. ಅತ್ತ ಸುಧಾರಣೆಗೆ ಹೆಸರಾದ ಸ್ವೀಡನ್ ದೇಶವು 1972ರಿಂದ ನಾಲ್ಕು ದಶಕಗಳ ಕಾಲ, ಸಂತಾನಶಕ್ತಿಯನ್ನು ನಾಶಮಾಡಿಕೊಂಡವರಿಗಲ್ಲದೆ ಇತರರಿಗೆ ದಾಖಲೆ ಬದಲಿಸಿಕೊಡುತ್ತಿರಲಿಲ್ಲ. 2013ರಲ್ಲಿ ಆ ನಿರ್ಬಂಧವು ಹೋಯಿತು, 2018ರಲ್ಲಿ ನೊಂದವರಿಗೆ ಸರಕಾರವೇ ಪರಿಹಾರ ಕೊಡಬೇಕಾಯಿತು. ಪಾಕಿಸ್ತಾನವು 2018ರಲ್ಲಿ ಉದಾರವಾದ ಕಾಯಿದೆಯನ್ನು ಮಾಡಿತು. 2023ರಲ್ಲಿ ಅಲ್ಲಿಯ ಶರಿಯತ್ ನ್ಯಾಯಾಲಯವು ಅದರ ಮುಖ್ಯ ಭಾಗಗಳನ್ನು ತಳ್ಳಿಹಾಕಿತು. ಕೊಟ್ಟ ಹಕ್ಕು ಸ್ಥಿರವಾಗಿ ನಿಲ್ಲುವುದೆಂದು ಯಾವ ದೇಶವೂ ನಿಶ್ಚಿಂತೆಯಿಂದಿರಲಾಗದೆಂಬುದಕ್ಕೆ ಇದೇ ಸಾಕ್ಷಿ.

ಆದುದರಿಂದ ನಮ್ಮ ಮೊದಲನೆಯ ಮಾತು ಇದು: ಸರಕಾರವು ಕೊಡುವ ಪ್ರಮಾಣಪತ್ರವು ಹೊಸ ಹೆಸರಿನ ಹಳೆಯ ಪಟ್ಟಿಯಾಗಕೂಡದು. ಯಾವ ಕಾಯಿದೆಯ ಹೆಸರಿನಲ್ಲಿಯೇ ಆಗಲಿ, ಯಾವ ಮಂಡಳಿಯ ನೆಪದಲ್ಲಿಯೇ ಆಗಲಿ, ಪ್ರಜೆಯ ಮಾತನ್ನು ನಂಬದೆ ಅವನ ದೇಹವನ್ನು ಪರೀಕ್ಷಿಸಲು ಹೊರಡುವುದೆಂದರೆ ಖೈರಾತಿಯವರನ್ನು ಪರೀಕ್ಷೆಗೆ ಒಡ್ಡಿದ ಕೋಣೆಗೇ ಮರಳಿ ಹೋದಂತೆ. ಗಂಡಸೊಬ್ಬನು ಗಂಡಸೆಂದು ಅರ್ಜಿಯಲ್ಲಿ ಬರೆದಾಗ ಯಾವ ಗುಮಾಸ್ತೆಯೂ ಸಾಕ್ಷ್ಯ ಕೇಳುವುದಿಲ್ಲ. ಇನ್ನೊಬ್ಬರ ವಿಷಯದಲ್ಲಿ ಮಾತ್ರ ಆ ಸಂಶಯವೇಕೆ?

ಇಲ್ಲಿ ಮೋಸವಾಗಬಹುದು, ಸವಲತ್ತಿನ ಆಸೆಗಾಗಿ ಯಾರಾದರೂ ಸುಳ್ಳು ಹೇಳಬಹುದು ಎಂಬ ಆಕ್ಷೇಪವುಂಟು. ಜಾತಿ ಪ್ರಮಾಣಪತ್ರದಲ್ಲಿ, ವರಮಾನದ ಪ್ರಮಾಣಪತ್ರದಲ್ಲಿ ಸುಳ್ಳು ಹೇಳುವವರಿಲ್ಲವೇ? ಅಲ್ಲಿ ಸುಳ್ಳು ಸಿದ್ಧವಾದವನನ್ನು ದಂಡಿಸುತ್ತೇವೆಯೇ ಹೊರತು ಅರ್ಜಿ ಹಾಕಿದವರೆಲ್ಲರನ್ನೂ ಅವಮಾನಿಸುವುದಿಲ್ಲ. ಇನ್ನು, ಅಂಗಡಿಬೀದಿಯಲ್ಲಿಯೂ ರೈಲುಗಾಡಿಯಲ್ಲಿಯೂ ಬಲವಂತದಿಂದ ಹಣ ಕೇಳುವರೆಂಬ ದೂರನ್ನು ನಗರವಾಸಿಗಳು ಹೇಳುವುದನ್ನು ನಾವು ಕೇಳಿದ್ದೇವೆ. ಅದನ್ನು ಸುಳ್ಳೆಂದು ತಳ್ಳಿಹಾಕುವುದಿಲ್ಲ. ಬಲಾತ್ಕಾರವನ್ನು ಯಾರೇ ಮಾಡಲಿ, ಅವರನ್ನು ಸಾಮಾನ್ಯ ಕಾನೂನಿನಂತೆ ವಿಚಾರಿಸಲಿ. ಆದರೆ ದೂರು ಹೇಳುವ ವರ್ತಕ ಮಹಾಶಯರು ತಮ್ಮನ್ನು ತಾವೇ ಒಂದು ಪ್ರಶ್ನೆ ಕೇಳಿಕೊಳ್ಳಲಿ: ಲೆಕ್ಕ ಬರೆಯುವುದಕ್ಕಾಗಲಿ, ಬಟ್ಟೆ ಅಳೆಯುವುದಕ್ಕಾಗಲಿ ತಮ್ಮ ಅಂಗಡಿಯಲ್ಲಿ ಇವರಲ್ಲೊಬ್ಬರಿಗೆ ಎಂದಾದರೂ ಕೆಲಸ ಕೊಟ್ಟುದುಂಟೇ? ಬಾಡಿಗೆಗೆ ಮನೆ ಕೊಟ್ಟುದುಂಟೇ? ಬಾಗಿಲುಗಳನ್ನೆಲ್ಲ ಮುಚ್ಚಿದ ಮೇಲೆ ಬೀದಿಯಲ್ಲಿ ನಿಂತರೆಂದು ದೂರುವುದು ನ್ಯಾಯವಲ್ಲ.

ಕರ್ನಾಟಕವು ಈ ವಿಷಯದಲ್ಲಿ ಕೇವಲ ತಪ್ಪನ್ನೇ ಮಾಡಿದೆಯೆಂದು ಹೇಳುವುದು ಸತ್ಯಕ್ಕೆ ಅಪಚಾರವಾದೀತು. 2017ರಲ್ಲಿ ರಾಜ್ಯವು ಈ ಸಮುದಾಯಕ್ಕಾಗಿ ನೀತಿಯೊಂದನ್ನು ಒಪ್ಪಿತು. 2021ನೆಯ ಜುಲೈ ತಿಂಗಳಲ್ಲಿ ನೇಮಕಾತಿಯ ನಿಯಮಗಳನ್ನು ತಿದ್ದಿ, ಸರಕಾರಿ ಹುದ್ದೆಗಳಲ್ಲಿ ಎಲ್ಲ ವರ್ಗಗಳೊಳಗೂ ಶೇಕಡ 1ರಷ್ಟನ್ನು ಇವರಿಗೆ ಮೀಸಲಾಗಿಟ್ಟಿತು. ಭಾರತದಲ್ಲಿ ಇದನ್ನು ಮಾಡಿದ ಮೊದಲ ರಾಜ್ಯವೆಂಬ ಕೀರ್ತಿಯು ನಮ್ಮದು. ಪಟ್ಟಿ ಬರೆಯುವ ಕಲಮನ್ನು ಸೇರಿಸಿದ ರಾಜ್ಯವೇ ಹತ್ತು ವರ್ಷಗಳಲ್ಲಿ ಕಚೇರಿಯ ಕುರ್ಚಿಯನ್ನು ನೀಡಲು ಮುಂದಾದುದು ಸಣ್ಣ ಮಾತಲ್ಲ. ಅದರ ಹಿಂದೆ ಈ ಜನರೇ ನಡೆಸಿದ ಹೋರಾಟವಿದೆ, ನ್ಯಾಯಾಲಯದ ಮೆಟ್ಟಿಲು ಹತ್ತಿದ ಶ್ರಮವಿದೆ.

ಆದರೆ ದೇವರು ವರ ಕೊಟ್ಟರೂ ಪೂಜಾರಿ ವರ ಕೊಡನೆಂಬ ಗಾದೆಯು ನಮ್ಮಲ್ಲಿ ಸುಮ್ಮನೆ ಹುಟ್ಟಿಲ್ಲ. ಮೀಸಲಾದ ಕುರ್ಚಿಯಲ್ಲಿ ಕುಳಿತುಕೊಳ್ಳಬೇಕಾದವರು ಮೊದಲು ಶಾಲೆಯ ಬೆಂಚಿನಲ್ಲಿ ಕುಳಿತಿರಬೇಕು. ಹಂಗಿಸುವ ಸಹಪಾಠಿಗಳೂ ಕಣ್ಣು ಮುಚ್ಚಿಕೊಳ್ಳುವ ಉಪಾಧ್ಯಾಯರೂ ಸೇರಿ ಹನ್ನೆರಡನೆಯ ವಯಸ್ಸಿಗೇ ಶಾಲೆ ಬಿಡಿಸಿದ ಹುಡುಗನಿಗೆ ಶೇಕಡ 1ರ ಮೀಸಲಾತಿಯು ಗಗನಕುಸುಮವಲ್ಲದೆ ಮತ್ತೇನು? 2011ರ ಜನಗಣತಿಯು ಮೊದಲ ಬಾರಿಗೆ ಗಂಡು ಹೆಣ್ಣುಗಳಲ್ಲದ ಇತರರೆಂಬ ಗೆರೆಯನ್ನು ಎಳೆದಾಗ ದೇಶದಲ್ಲಿ ಸುಮಾರು 4,88,000 ಜನರೂ ಕರ್ನಾಟಕದಲ್ಲಿ 20,266 ಜನರೂ ಆ ಗೆರೆಯಲ್ಲಿ ಸೇರಿದರು. ಹೇಳಿಕೊಳ್ಳಲು ಅಂಜಿದವರೆಷ್ಟೋ! ಹೇಳಿಕೊಂಡ ಇಪ್ಪತ್ತು ಸಾವಿರ ಜನರಿಗಾದರೂ ಪಡಿತರ, ಮನೆ, ಶಾಲೆ, ಆಸ್ಪತ್ರೆಗಳಲ್ಲಿ ಸಮಾನ ಮರ್ಯಾದೆ ದೊರೆಯುವಂತೆ ಮಾಡುವುದು ಆರು ಕೋಟಿಗೂ ಮಿಕ್ಕಿದ ಜನರ ರಾಜ್ಯಕ್ಕೆ ಅಸಾಧ್ಯವಾದ ಕಾರ್ಯವಲ್ಲ.

ಆಗಬೇಕಾದುದಿಷ್ಟು. ಪೋಲೀಸು ಕಾಯಿದೆಯಲ್ಲಿ ಸಂಶಯದ ಮೇಲೆ ಪಟ್ಟಿಯಿಡುವ ಅಧಿಕಾರವನ್ನು, ಅದು ಯಾವ ಶಬ್ದದ ಮರೆಯಲ್ಲಿದ್ದರೂ, ಶಾಸನಸಭೆಯು ಬೇರುಸಹಿತ ಕಿತ್ತುಹಾಕಲಿ. ಹಳೆಯ ಪಟ್ಟಿಗಳು ಯಾವ ಠಾಣೆಯಲ್ಲಾದರೂ ಉಳಿದಿದ್ದರೆ ಅವನ್ನು ನಾಶಪಡಿಸಲಿ. ಗುರುತಿನ ಪತ್ರಕ್ಕಾಗಿ ಬಂದವರನ್ನು ಕಚೇರಿಯಿಂದ ಕಚೇರಿಗೆ ಅಲೆಸದೆ, ಅವರ ಮಾತಿಗೆ ಮರ್ಯಾದೆ ಕೊಟ್ಟು, ಗೊತ್ತಾದ ಅವಧಿಯಲ್ಲಿ ಜಿಲ್ಲಾಡಳಿತವು ಕೆಲಸವನ್ನು ಮುಗಿಸಲಿ. ಅವರ ವಿವರಗಳು ಯಾವ ಇಲಾಖೆಗೂ ಅವರ ಸಮ್ಮತಿಯಿಲ್ಲದೆ ಹೋಗದಂತೆ ಕಾಪಾಡಲಿ, ಏಕೆಂದರೆ ಬರ್ಲಿನ್ನಿನ ಪಾಠವು ಅದೇ. ಮೀಸಲಾದ ಹುದ್ದೆಗಳಲ್ಲಿ ಎಷ್ಟು ತುಂಬಿದವು, ಎಷ್ಟು ಖಾಲಿ ಉಳಿದವು ಎಂಬ ಲೆಕ್ಕವನ್ನು ಸರಕಾರವು ವರ್ಷವರ್ಷವೂ ಶಾಸನಸಭೆಯ ಮುಂದಿಡಲಿ. ಇವುಗಳಲ್ಲಿ ಒಂದಕ್ಕಾದರೂ ಬೊಕ್ಕಸ ಬರಿದಾಗದು.

ಉಳಿದುದು ಪೌರರ ಕೆಲಸ. ಅದಕ್ಕೆ ಯಾವ ಗೆಜೆಟ್ಟಿನ ಪ್ರಕಟಣೆಯೂ ಬೇಕಾಗಿಲ್ಲ. ಮನೆಯಲ್ಲಿ ಇಂಥ ಮಗುವೊಂದಿದ್ದರೆ ಬಾಗಿಲನ್ನು ಮುಚ್ಚದಿರುವುದು, ಕಚೇರಿಗೆ ಬಂದವರನ್ನು ಬಹುವಚನದಿಂದ ಮಾತಾಡಿಸಿ ಕುಳ್ಳಿರಿಸುವುದು, ಅವರು ಹೇಳಿದ ಹೆಸರಿನಿಂದಲೇ ಅವರನ್ನು ಕರೆಯುವುದು ಇವೆಲ್ಲ ಸಾಮಾನ್ಯ ಸೌಜನ್ಯದ ಕಾರ್ಯಗಳು. ಮಗು ಹುಟ್ಟಿದ ಮನೆಯಲ್ಲಿ ಇವರ ಹರಕೆಯನ್ನು ಬೇಡುವ ನಾವು, ಇವರೇ ಮಕ್ಕಳಾಗಿ ಹುಟ್ಟಿದಾಗ ಶಪಿಸುವುದು ಯಾವ ಧರ್ಮವೂ ಅಲ್ಲ. ನೂರೈವತ್ತು ವರ್ಷಗಳ ಹಿಂದೆ ಪರಕೀಯ ಸರಕಾರವು ಇವರ ಹೆಸರನ್ನು ಬರೆದುಕೊಂಡದ್ದು ಹೆದರಿಸುವುದಕ್ಕಾಗಿ. ಸ್ವಕೀಯ ಸರಕಾರವು ಅದೇ ಹೆಸರನ್ನು ಬರೆಯುವುದಾದರೆ, ನೀವೂ ನಮ್ಮವರೆಂದು ಹೇಳುವುದಕ್ಕಾಗಿ ಬರೆಯಲಿ. ಮುಂದಿನ ಅರ್ಜಿಯು ತನ್ನ ಮೇಜಿಗೆ ಬಂದಾಗ ಅದನ್ನು ಸ್ವೀಕರಿಸುವ ಅಧಿಕಾರಿಯು ಈ ಭೇದವನ್ನು ನೆನೆಯುವನೆಂದು ನಾವು ಆಶಿಸುತ್ತೇವೆ.